ಐದೂವರೆ ಡಾಲರಿನ ರಾತ್ರಿಪಾಳಿ

ಗಂಟೆಗೆ ಐದೂವರೆ ಡಾಲರ್. 1994ರಲ್ಲಿ ಅಮೆರಿಕದ ಅಯೋವಾ ರಾಜ್ಯದಲ್ಲಿ, ಸೀಡರ್ ಫಾಲ್ಸ್ ಎಂಬ ಊರಿನ ಹೈ-ವೀ ಅಂಗಡಿಯಲ್ಲಿ ರಾತ್ರಿಪಾಳಿ ಮಾಡಿ ರ್‍ಯಾಕಿಗೆ ಮಾಲು ಜೋಡಿಸುವವನಿಗೆ ಸಿಗುತ್ತಿದ್ದ ಪಗಾರ ಇದು. ಆಗ ಅಲ್ಲಿ ಸರ್ಕಾರ ಗೊತ್ತುಮಾಡಿದ ಕನಿಷ್ಠ ಕೂಲಿ 4.65 ಡಾಲರ್. ಅಂದರೆ ಕನಿಷ್ಠಕ್ಕಿಂತ 85 ಸೆಂಟ್ ಜಾಸ್ತಿಯೇ ಆಯಿತು. ಕಿರಾಣಿ ಅಂಗಡಿಯವಳು ನಾನು. ಉಳಿದವರು ಈ ಕತೆ ಕೇಳಿ ಕಣ್ಣೊರೆಸಿಕೊಳ್ಳುವ ಹೊತ್ತಿಗೆ ನಾನು ಪಗಾರದ ಲೆಕ್ಕ ಹಾಕುತ್ತಿದ್ದೆ.

ರ್‍ಯಾಕು ಜೋಡಿಸುತ್ತಿದ್ದವನ ಹೆಸರು ಕರ್ಟ್ ವಾರ್ನರ್. ಅಮೆರಿಕನ್ ಫುಟ್‌ಬಾಲಿನ ಕ್ವಾರ್ಟರ್‌ಬ್ಯಾಕ್, ಅಂದರೆ ಚೆಂಡು ಎಸೆದು ಆಟ ನಡೆಸುವವ. ಅವನ ಕತೆ ನನಗೆ ಸಿಕ್ಕಿದ್ದು ವಾಟ್ಸಾಪಿನಲ್ಲಿ, ನೆಂಟರ ಗುಂಪಿನಲ್ಲಿ. ಮೇಲೆ ಉದಯಿಸುವ ಸೂರ್ಯ, ಕೆಳಗೆ ಕೈಮುಗಿದ ಚಿತ್ರ ಎರಡು, ನಡುವೆ ‘ಪಾತಾಳದಿಂದ ಶಿಖರಕ್ಕೆ’ ಅಂತ ದಪ್ಪಕ್ಷರ. ಕಿರಾಣಿ ಅಂಗಡಿಯಲ್ಲಿ ಡಬ್ಬಿ ಜೋಡಿಸುತ್ತಿದ್ದ ನತದೃಷ್ಟ, ಐದೇ ವರ್ಷದಲ್ಲಿ ಜಗತ್ತಿನ ದೊಡ್ಡ ಆಟಗಾರನಾದ ಕತೆ. ನಮ್ಮ ಅಂಗಡಿಯ ಹುಡುಗ ಅದನ್ನು ಗಟ್ಟಿಯಾಗಿ ಓದಿ, ಕೈಯಲ್ಲಿದ್ದ ಸೋಪಿನ ಬಾಕ್ಸನ್ನು ಕೆಳಗಿಟ್ಟು ಕೇಳಿದ: “ಅಕ್ಕಾ, ಹಾಗಾದ್ರೆ ನಾನೀಗ ಇರೋದು ಪಾತಾಳದಲ್ಲಾ?”

ಅವನಿಗೆ ತಮಾಷೆ. ನನಗೆ ಉರಿಯಿತು.

ರ್‍ಯಾಕು ಜೋಡಿಸುವುದೆಂದರೆ ಏನೂ ತಿಳಿಯದವರು ಮಾಡುವ ಕೆಲಸ ಅಂದುಕೊಂಡವರು ಒಂದು ಮಳೆಗಾಲ ಕುಮಟಾಕ್ಕೆ ಬಂದು ನಮ್ಮ ಅಂಗಡಿಯಲ್ಲಿ ನಿಲ್ಲಲಿ. ಹೊಸ ಮಾಲು ಹಿಂದೆ, ಹಳೇ ಮಾಲು ಮುಂದೆ. ಇದು ಅಆಇಈ. ಸಾಣಿಕಟ್ಟೆಯ ಉಪ್ಪಿನ ಚೀಲ ಎಲ್ಲಿಡಬೇಕು ಅನ್ನುವುದು ಅದರಾಚೆಗಿನ ವಿದ್ಯೆ. ಆಷಾಢದಲ್ಲಿ ಅದು ನೀರೊಡೆದರೆ ಕೆಳಗಿನ ಅವಲಕ್ಕಿ ಚೀಲ ಹೋಯಿತು ಅಂತಲೇ ಲೆಕ್ಕ. ಬೆಲ್ಲ ಬೆವರುತ್ತದೆ, ಸಾಂಬಾರ ಪುಡಿ ಗಂಟು ಕಟ್ಟುತ್ತದೆ, ಬಿಸ್ಕೀಟು ಮೆತ್ತಗಾಗುತ್ತದೆ. ಚೌತಿಯ ಹಿಂದಿನ ವಾರ ಬಾಗಿಲು ಹಾಕಿದ ಮೇಲೆ ಮಧ್ಯರಾತ್ರಿವರೆಗೂ ಜೋಡಿಸುತ್ತ ಕೂತಿರುತ್ತೇವೆ, ನಾನು ಮತ್ತು ಆ ಹುಡುಗ. ಬೆಳಗಾದರೆ ಗಿರಾಕಿ ಬಂದು ಎಳ್ಳು ಅಂದಾಗ ಎಳ್ಳೇ ಕೈಗೆ ಬರಬೇಕು. ಕತ್ತಲಲ್ಲಿ ಕೈ ಹಾಕಿದರೂ ಸಾಸಿವೆ ಬರಬಾರದು.

ಅದಿರಲಿ. ಅಕ್ಕನ ಮಗ ಇರುವುದು ಅದೇ ಅಯೋವಾ ರಾಜ್ಯದ ಡಿ ಮೊಯ್ನ್ ಊರಲ್ಲಿ. ವಾರದ ಸಾಮಾನು ತರುವುದು ಹೈ-ವೀ ಅಂಗಡಿಯಿಂದಲೇ. ಇಲ್ಲಿ ರಾತ್ರಿ ಒಂಬತ್ತಕ್ಕೆ ನಾನು ಗಲ್ಲಾಪೆಟ್ಟಿಗೆ ಎಣಿಸುವಾಗ ಅಲ್ಲಿ ಬೆಳಿಗ್ಗೆ ಹತ್ತೂವರೆ. ರವಿವಾರ ಅವನು ಫೋನ್ ಮಾಡಿದಾಗ ಕೇಳಿದೆ, ಈ ಪಾತಾಳದ ವಿಚಾರ ಎಂತದು ಅಂತ. ಮಾಣಿ ನಕ್ಕು, “ಚಿಕ್ಕಿ, ಆ ಕತೆಯಲ್ಲಿ ಅರ್ಧ ಬಿಟ್ಟಿದ್ದ” ಅಂದ. ಅಲ್ಲಿಂದ ಶುರುವಾಯಿತು. ಆ ಮಳೆಗಾಲದ ಮಧ್ಯಾಹ್ನಗಳಲ್ಲಿ, ಗಿರಾಕಿ ಇಲ್ಲದ ಹೊತ್ತಿಗೆ, ಫೋನನ್ನು ಚಾಪುಡಿ ಡಬ್ಬಿಗೆ ಒರಗಿಸಿಟ್ಟು ಹಳೇ ಪಂದ್ಯಗಳನ್ನು ನೋಡಿದೆ. ಬಿಟ್ಟುಹೋದ ಅರ್ಧವನ್ನೇ ಇಲ್ಲಿ ಬರೆಯುತ್ತಿದ್ದೇನೆ.

ಮೊದಲು ಆಟ. ನನಗೆ ಹಿಡಿತಕ್ಕೆ ಬರಲು ಸಾಕಷ್ಟು ಹೊತ್ತು ಬೇಕಾಯಿತು. “ಎಂತದೂ ತಿಳಿತಿಲ್ಲೆ ಮಾರಾಯಾ, ಇನ್ನೊಂದ್ಸಲ ಹೇಳು” ಅಂತ ಮಾಣಿಯ ಜೀವ ತಿಂದಿದ್ದೇನೆ. ಸಾರಾಂಶ ಇಷ್ಟು: ನೂರು ಗಜ ಉದ್ದದ ಅಂಗಳ, ಕಡೆಗೆ ಹನ್ನೊಂದು ಜನ. ಚೆಂಡು ಇರುವ ಕಡೆಯವರಿಗೆ ನಾಲ್ಕು ಅವಕಾಶ. ಅಷ್ಟರಲ್ಲಿ ಹತ್ತು ಗಜ ಮುಂದೆ ಹೋದರೆ ಮತ್ತೆ ನಾಲ್ಕು, ಇಲ್ಲದಿದ್ದರೆ ಚೆಂಡು ಎದುರಾಳಿಗೆ. ಹೆಚ್ಚುಕಮ್ಮಿ ಪ್ರತಿ ಸಲವೂ ಚೆಂಡು ಮೊದಲು ಬರುವುದು ಕ್ವಾರ್ಟರ್‌ಬ್ಯಾಕ್ ಕೈಗೆ. ನೂರಿಪ್ಪತ್ತು ನೂರಮೂವತ್ತು ಕಿಲೋದ ಆಳುಗಳು ಅವನನ್ನು ಕೆಡವಲು ನುಗ್ಗುತ್ತಿರುತ್ತಾರೆ. ಎರಡು ಮೂರು ಸೆಕೆಂಡಿನಲ್ಲಿ, ತನ್ನವರಲ್ಲಿ ಯಾರು ತಪ್ಪಿಸಿಕೊಂಡು ಓಡಿದ್ದಾನೆ ನೋಡಿ, ಅವನು ಈಗ ಇರುವಲ್ಲಿಗಲ್ಲ, ತಲುಪಲಿರುವಲ್ಲಿಗೆ ಎಸೆಯಬೇಕು. ಇಷ್ಟು ತಿಳಿದ ಮೇಲೆ ಆಟ ನೋಡಲು ಸುಖ. ನಡುನಡುವೆ ನಿಲ್ಲಿಸುತ್ತಾರೆ, ಅದೊಂದು ಕಿರಿಕಿರಿ.

ವಾರ್ನರ್ ಹುಟ್ಟಿದ್ದು 1971ರಲ್ಲಿ, ಅಯೋವಾದ ಬರ್ಲಿಂಗ್ಟನ್ನಿನಲ್ಲಿ. ಬೆಳೆದದ್ದು ಅದೇ ರಾಜ್ಯದ ಸೀಡರ್ ರ್‍ಯಾಪಿಡ್ಸಿನಲ್ಲಿ. ಓದಿದ್ದು ನಾರ್ದರ್ನ್ ಅಯೋವಾ ವಿಶ್ವವಿದ್ಯಾಲಯ. ಅಲ್ಲೂ ಕೊನೇ ವರ್ಷದವರೆಗೆ ಮುಖ್ಯ ಆಟಗಾರನಲ್ಲ, ಬದಲಿಯವರ ಸಾಲಿನಲ್ಲಿ ಕೂತವನೇ. ಆಡಲು ಬಿಟ್ಟ ಆ ಒಂದು ವರ್ಷ ತಮ್ಮ ವಲಯದ ಶ್ರೇಷ್ಠ ಆಟಗಾರನೆನಿಸಿಕೊಂಡ. ಆದರೆ ವೃತ್ತಿಪರ ತಂಡಗಳು ಕಾಲೇಜು ಹುಡುಗರನ್ನು ಸರದಿ ಪ್ರಕಾರ ಆರಿಸಿಕೊಳ್ಳುವ ಡ್ರಾಫ್ಟ್ ಅಂತ ಒಂದಿದೆ. 1994ರಲ್ಲಿ ಏಳು ಸುತ್ತುಗಳಲ್ಲಿ 222 ಹುಡುಗರನ್ನು ಆರಿಸಿದರು. ಇವನ ಹೆಸರು ಯಾರೂ ಕರೆಯಲಿಲ್ಲ.

ಗ್ರೀನ್ ಬೇ ಪ್ಯಾಕರ್ಸ್ ತಂಡದವರು ಮಾತ್ರ ತಾಲೀಮು ಶಿಬಿರಕ್ಕೆ ಕರೆಸಿಕೊಂಡರು. ಅಲ್ಲಿ ಇವನಿಗಿಂತ ಮುಂದೆ ಬ್ರೆಟ್ ಫಾರ್ವ್, ಮಾರ್ಕ್ ಬ್ರೂನೆಲ್, ಟೈ ಡೆಟ್ಮರ್ ಅಂತ ಮೂವರು. ಒಮ್ಮೆ ತರಬೇತುದಾರ “ಹೋಗು, ಆಡು” ಅಂದಾಗ ಇನ್ನೂ ತಯಾರಾಗಿಲ್ಲ ಅಂತ ಹಿಂದೆ ಸರಿದನಂತೆ. ಅದನ್ನು ಅವನೇ ಆಮೇಲೆ ಹೇಳಿಕೊಂಡಿದ್ದಾನೆ. ಋತು ಶುರುವಾಗುವ ಮೊದಲೇ ಮನೆಗೆ ಕಳಿಸಿದರು. ಬಂದು ಹೈ-ವೀ ಸೇರಿದ. ಹಗಲು ತನ್ನ ಹಳೇ ಕಾಲೇಜು ತಂಡಕ್ಕೆ ತರಬೇತಿಯಲ್ಲಿ ಕೈಜೋಡಿಸುವುದು, ರಾತ್ರಿ ರ್‍ಯಾಕು.

ವಾಟ್ಸಾಪಿನವರು ನೇರ ಇಲ್ಲಿಂದ ಶಿಖರಕ್ಕೆ ಹಾರುತ್ತಾರೆ. ಆ ಪಗಾರ ಯಾವ ಮನೆಗೆ ಹೋಗುತ್ತಿತ್ತು ಅಂತ ಒಬ್ಬರೂ ಕೇಳುವುದಿಲ್ಲ.

ಬ್ರೆಂಡಾ ಅಂತ ಅವಳ ಹೆಸರು. ಇವನಿಗಿಂತ ದೊಡ್ಡವಳು, ಅಮೆರಿಕದ ಮರೀನ್ ಪಡೆಯಲ್ಲಿ ಇದ್ದವಳು. ಮೊದಲ ಮಗ ಝ್ಯಾಕರಿ ಹಸುಗೂಸಾಗಿದ್ದಾಗ ಸ್ನಾನ ಮಾಡಿಸುತ್ತಿದ್ದ ಅವನಪ್ಪನ ಕೈಜಾರಿ ಬಿದ್ದು, ಮಿದುಳಿಗೆ ಪೆಟ್ಟಾಯಿತು. ದೃಷ್ಟಿ ಬಹುತೇಕ ಹೋಯಿತು. ಅವಳು ಪಡೆಯ ಕೆಲಸ ಬಿಟ್ಟು ಬಂದಳು. ಆಮೇಲೆ ಆ ಸಂಸಾರವೂ ಮುರಿಯಿತು. ಎರಡು ಮಕ್ಕಳು, ಸರ್ಕಾರದ ಆಹಾರದ ಕೂಪನ್ನು, ಜೊತೆಗೆ ನರ್ಸಿಂಗ್ ಓದು. ಇಂಥ ಹೊತ್ತಿನಲ್ಲಿ, 1992ರಲ್ಲಿ, ಕುಣಿತದ ಜಾಗವೊಂದರಲ್ಲಿ ಈ ಕಾಲೇಜು ಹುಡುಗನ ಪರಿಚಯವಾಯಿತು. ಎರಡು ಮಕ್ಕಳಿದ್ದಾವೆ, ಇನ್ನು ನೀನು ಬರದಿದ್ದರೂ ಬೇಜಾರಿಲ್ಲ ಅಂತ ಮುಖದ ಮೇಲೇ ಹೇಳಿ ಕಳಿಸಿದಳು. ಮರುದಿನ ಬೆಳಿಗ್ಗೆ ಅವನು ಗುಲಾಬಿ ಹಿಡಿದು ಬಾಗಿಲಿಗೆ ಬಂದ. ಸಣ್ಣ ಹುಡುಗ ಇವನ ಕೈ ಹಿಡಿದು ರೇಡಿಯೋ ತೋರಿಸಲು ಒಳಗೆ ಎಳೆದುಕೊಂಡು ಹೋದನಂತೆ.

ಹಾಗಾಗಿ ಎಂಟು ತಾಸಿನ ರಾತ್ರಿಪಾಳಿಯ ನಲವತ್ತನಾಲ್ಕು ಡಾಲರ್ ನನಗೆ ಪಾತಾಳ ಅನಿಸುವುದಿಲ್ಲ. ಕಾಯಿಲೆಯ ಮಗು ಇರುವ ಮನೆಯಲ್ಲಿ ತಿಂಗಳ ಮೊದಲನೇ ವಾರ ಅಂದರೇನು, ಇಪ್ಪತ್ತೈದನೇ ತಾರೀಕು ಅಂದರೇನು ಅನ್ನುವುದನ್ನು ನನ್ನ ಉದ್ರಿ ಪುಸ್ತಕ ನೋಡಿದರೆ ಯಾರಿಗಾದರೂ ತಿಳಿಯುತ್ತದೆ. ಹೆಸರು ಹೇಳಬಾರದು, ಹೇಳುವುದಿಲ್ಲ.

1996ರ ಏಪ್ರಿಲಿನಲ್ಲಿ ಆರ್ಕನ್ಸಾದ ಮೌಂಟನ್ ವ್ಯೂ ಊರಿಗೆ ಸುಂಟರಗಾಳಿ ಬಡಿದು ಬ್ರೆಂಡಾಳ ಅಪ್ಪ ಅಮ್ಮ ಇಬ್ಬರೂ ಹೋದರು. ಮರುವರ್ಷ ಅಕ್ಟೋಬರಿನಲ್ಲಿ ಇವರ ಮದುವೆ. ಎರಡೂ ಮಕ್ಕಳನ್ನು ವಾರ್ನರ್ ದತ್ತು ತೆಗೆದುಕೊಂಡ. ಆಮೇಲೆ ಐದು ಹುಟ್ಟಿ ಈಗ ಒಟ್ಟು ಏಳು ಮಕ್ಕಳು. ಇವನು ಗೆದ್ದು ಟಿವಿಯಲ್ಲೆಲ್ಲ ಕಾಣಿಸತೊಡಗಿದಾಗ ಜನ ಅವಳ ಗಿಡ್ಡ ಕೂದಲಿನ ಬಗ್ಗೆ ಕುಹಕವಾಡಿದರಂತೆ. ಸೂಪರ್ ಬೌಲ್ ಅಂದರೆ ಆ ಆಟದ ವರ್ಷದ ಫೈನಲ್; ಅದಕ್ಕೂ ಕೂದಲಿಗೂ ಎಂತ ಸಂಬಂಧವೋ. ಜನ ಎಲ್ಲ ಊರಲ್ಲೂ ಜನರೇ.

ಇನ್ನು ವಾಟ್ಸಾಪಿನವರು ಪೂರ್ತಿ ನುಂಗಿದ ಭಾಗ. ಹೈ-ವೀ ಕೆಲಸ ಒಂದು ವರ್ಷವೂ ಇರಲಿಲ್ಲ. 1995ರಲ್ಲಿ ಅರೀನಾ ಫುಟ್‌ಬಾಲ್ ಅಂತ ಬೇರೆಯೇ ಲೀಗಿಗೆ ಸೇರಿದ. ಅಯೋವಾ ಬಾರ್ನ್‌ಸ್ಟಾರ್ಮರ್ಸ್ ಅನ್ನುವ ತಂಡ, ಆಡುತ್ತಿದ್ದದ್ದು ನಮ್ಮ ಮಾಣಿ ಈಗ ಇರುವ ಡಿ ಮೊಯ್ನಿನಲ್ಲೇ. ಇದು ಛಾವಣಿಯ ಕೆಳಗಿನ ಆಟ. ಅಂಗಳ ನೂರಲ್ಲ, ಐವತ್ತೇ ಗಜ. ಅಗಲ 85 ಅಡಿ, ದೊಡ್ಡ ಅಂಗಳದ್ದು 160 ಅಡಿ. ಕಡೆಗೆ ಎಂಟೇ ಜನ. ಅಂಚಿಗೆ ಗೆರೆಯ ಬದಲು ಮೆತ್ತೆ ಕಟ್ಟಿದ ಗೋಡೆ. ಓಡಿ ಬಂದವನು ಗೋಡೆಗೆ ಬಡಿದು ಪ್ರೇಕ್ಷಕರ ತೊಡೆಯ ಮೇಲೆ ಬೀಳುವುದೂ ಉಂಟು.

ನಾನು ಅದರ ವಿಡಿಯೋ ನೋಡಿದೆ. ಉಸಿರು ಬಿಡಲು ಹೊತ್ತಿಲ್ಲ. ಜಾಗ ಸಣ್ಣದು, ಎದುರಾಳಿ ಮೂಗಿನ ತುದಿಯಲ್ಲೇ. ಚೆಂಡು ಕೈಗೆ ಬಂತು ಅನ್ನುವಷ್ಟರಲ್ಲಿ ಹೋಗಿರಬೇಕು, ಅದೂ ಇಬ್ಬರು ಆಳುಗಳ ನಡುವಿನ ಒಂದು ಮೊಳ ಸಂದಿಯಲ್ಲಿ. ಮೂರು ಋತು ಅವನು ಇದನ್ನೇ ಮಾಡಿದ. 1997 ಒಂದರಲ್ಲೇ 79 ಟಚ್‌ಡೌನ್ ಪಾಸು, ಅಂದರೆ ಚೆಂಡನ್ನು ಎದುರಾಳಿಯ ಕೊನೇ ಗೆರೆ ದಾಟಿಸಿ ಅಂಕ ತಂದ ಎಸೆತ. ಎರಡು ಸಲ ತಂಡವನ್ನು ಫೈನಲ್ಲಿಗೆ ಒಯ್ದ, ಎರಡೂ ಸಲ ಸೋತರು. ದೊಡ್ಡ ಲೀಗಿನವರಿಗೆ ಈ ಆಟ ಅಂದರೆ ತಾತ್ಸಾರ. ಆದರೆ ಮುಂದೆ ಸೇಂಟ್ ಲೂಯಿಸಿನಲ್ಲಿ ಜಗತ್ತು ಬಾಯಿ ಬಿಟ್ಟು ನೋಡಿದ ಆ ವೇಗ ಹುಟ್ಟಿದ್ದು ಈ ಗೋಡೆಗಳ ನಡುವೆ. ಇದು ನನ್ನ ಖಚಿತ ಅಭಿಪ್ರಾಯ. ಮಾಣಿ ಒಪ್ಪುವುದಿಲ್ಲ, ಹುಟ್ಟಿನಿಂದ ಬಂದ ಗುಣ ಅನ್ನುತ್ತಾನೆ. ಹುಟ್ಟಿನಿಂದ ಬಂದಿದ್ದರೆ ಗ್ರೀನ್ ಬೇಯಲ್ಲಿ ಯಾಕೆ ಹಿಂದೆ ಸರಿದ?

1997ರಲ್ಲಿ ಶಿಕಾಗೋ ಬೇರ್ಸ್ ತಂಡದವರು ಪರೀಕ್ಷೆಗೆ ಬಾ ಅಂದರು. ಮಧುಚಂದ್ರಕ್ಕೆ ಹೋದಲ್ಲಿ ಎಸೆಯುವ ಕೈಯ ಮೊಣಕೈಗೇ ಏನೋ ಕಚ್ಚಿ ಬಾತುಕೊಂಡಿತು. ಜೇಡ ಇರಬೇಕು ಅನ್ನುತ್ತಾರೆ. ಆ ಅವಕಾಶ ಹೋಯಿತು. ಆಮೇಲೆ ಸೇಂಟ್ ಲೂಯಿಸ್ ರ್‍ಯಾಮ್ಸ್ ತಂಡದವರು ಸಹಿ ಹಾಕಿಸಿಕೊಂಡು, 1998ರ ವಸಂತದಲ್ಲಿ ಯುರೋಪಿನ ಲೀಗಿಗೆ, ಆಮ್‌ಸ್ಟರ್‌ಡ್ಯಾಮಿಗೆ ಕಳಿಸಿದರು. ಅಲ್ಲಿ ಪಾಸಿನಿಂದ ಗಳಿಸಿದ ಗಜದಲ್ಲೂ ಟಚ್‌ಡೌನಿನಲ್ಲೂ ಇಡೀ ಲೀಗಿಗೆ ಮೊದಲನೆಯವ. ವಾಪಸು ಬಂದರೆ ಮೂರನೇ ಕ್ವಾರ್ಟರ್‌ಬ್ಯಾಕ್, ಆ ವರ್ಷ ಆಡಲು ಸಿಕ್ಕಿದ್ದು ಒಂದೇ ಪಂದ್ಯದಲ್ಲಿ ಚೂರುಪಾರು. 1999ರ ಶುರುವಿನಲ್ಲಿ ಕ್ಲೀವ್‌ಲ್ಯಾಂಡ್ ತಂಡವನ್ನು ಹೊಸದಾಗಿ ಕಟ್ಟುವಾಗ ಉಳಿದ ತಂಡಗಳು ತಮಗೆ ಬೇಡದ ಕೆಲವರನ್ನು ಪಟ್ಟಿ ಮಾಡಿ ಕೊಡಬೇಕಿತ್ತು. ರ್‍ಯಾಮ್ಸ್ ಪಟ್ಟಿಯಲ್ಲಿ ವಾರ್ನರ್ ಹೆಸರಿತ್ತು. ಕ್ಲೀವ್‌ಲ್ಯಾಂಡಿನವರು ಅವನನ್ನು ಮುಟ್ಟಲಿಲ್ಲ. ಹಾಗೆ ಉಳಿದ ಮಾಲು ಅವನು.

ಆ ವರ್ಷ ರ್‍ಯಾಮ್ಸ್ ಮುಖ್ಯ ಸ್ಥಾನಕ್ಕೆ ತಂದದ್ದು ಟ್ರೆಂಟ್ ಗ್ರೀನ್ ಎಂಬವನನ್ನು. ಗ್ರೀನ್ ಬೆಳೆದದ್ದು ಸೇಂಟ್ ಲೂಯಿಸಿನಲ್ಲೇ, ಹೀಗಾಗಿ ಊರಿನ ಹುಡುಗ ಊರಿಗೆ ಬಂದ ಅಂತ ಸಂಭ್ರಮ. ಅವನು ಹುಟ್ಟಿದ್ದು ಎಲ್ಲಿ ಅಂದರೆ ವಾರ್ನರ್ ಬೆಳೆದ ಸೀಡರ್ ರ್‍ಯಾಪಿಡ್ಸಿನಲ್ಲಿ! 1999ರ ಆಗಸ್ಟ್ 28. ಲೆಕ್ಕಕ್ಕಿಲ್ಲದ ಅಭ್ಯಾಸ ಪಂದ್ಯ. ಎದುರಾಳಿ ರಾಡ್ನಿ ಹ್ಯಾರಿಸನ್ ತಗ್ಗಿ ಬಂದು ಬಡಿದ ರಭಸಕ್ಕೆ ಗ್ರೀನನ ಮೊಣಕಾಲಿನ ಒಳಗಿನ ಕಟ್ಟು ಹರಿಯಿತು. ವರ್ಷಪೂರ್ತಿ ಆಟ ಮುಗಿಯಿತು. ಮುಖ್ಯ ಕೋಚ್ ಡಿಕ್ ವರ್ಮಿಲ್ ಪತ್ರಕರ್ತರೆದುರು ಕಣ್ಣೀರು ಹಾಕುತ್ತಲೇ, ಇನ್ನು ಕರ್ಟ್ ವಾರ್ನರ್ ಬೆನ್ನಿಗೆ ನಿಲ್ಲುತ್ತೇವೆ, ಚೆನ್ನಾಗಿಯೇ ಆಡುತ್ತೇವೆ ಅಂದ.

ನಮ್ಮ ಕಡೆ ಬಯಲಾಟದಲ್ಲಿ ಮುಖ್ಯ ವೇಷಧಾರಿಗೆ ಅಂದೇ ಜ್ವರ ಬಂದರೆ, ಚೌಕಿಯ ಮೂಲೆಯಲ್ಲಿ ಕೂತ ಪೀಠಿಕೆ ವೇಷದವನಿಗೆ ಕಿರೀಟ ಕಟ್ಟಿ ರಂಗಕ್ಕೆ ನೂಕುವುದುಂಟು. ಬಹುಪಾಲು ಅಂಥ ರಾತ್ರಿ ಹೇಗೋ ಬೆಳಗಾದರೆ ಸಾಕು ಅನ್ನುವ ಹಾಗಿರುತ್ತದೆ. ಇಲ್ಲಿ ಹಾಗಾಗಲಿಲ್ಲ. ಸೆಪ್ಟೆಂಬರ್ 12ರಂದು ಬಾಲ್ಟಿಮೋರ್ ಮೇಲೆ 27-10. ಮೊದಲ ಮೂರು ಪಂದ್ಯಗಳಲ್ಲೂ ಮೂರು ಮೂರು ಟಚ್‌ಡೌನ್ ಪಾಸು. ಅದರ ಮುಂದೆ, ವರ್ಷಗಟ್ಟಲೆ ರ್‍ಯಾಮ್ಸನ್ನು ಸೋಲಿಸಿಕೊಂಡೇ ಬಂದಿದ್ದ ಸ್ಯಾನ್ ಫ್ರಾನ್ಸಿಸ್ಕೋ ಮೇಲೆ ಐದು. ಓಡಲು ಮಾರ್ಷಲ್ ಫಾಕ್, ಹಿಡಿಯಲು ಐಸಾಕ್ ಬ್ರೂಸ್ ಮತ್ತು ಟೋರಿ ಹೋಲ್ಟ್. ಎಸೆಯುವವನಿಗೆ ಇಂಥ ಜೊತೆ ಸಿಗುವುದೂ ಒಂದು ಪುಣ್ಯ. ಹಿಂದಿನ ವರ್ಷ 16 ಪಂದ್ಯಗಳಲ್ಲಿ ನಾಲ್ಕೇ ಗೆದ್ದಿದ್ದ ತಂಡ ಈ ವರ್ಷ ಹದಿಮೂರು ಗೆದ್ದಿತು. ವಾರ್ನರ್ ಲೆಕ್ಕಕ್ಕೆ 4,353 ಗಜ, 41 ಟಚ್‌ಡೌನ್. ವರ್ಷದ ಅತ್ಯುತ್ತಮ ಆಟಗಾರನೂ ಅವನೇ.

2000ದ ಜನವರಿ 30ರ ಸೂಪರ್ ಬೌಲ್ ಅನ್ನು ನಾನು ಮತ್ತೆ ಮತ್ತೆ ನೋಡಿದ್ದೇನೆ. ಅಟ್ಲಾಂಟಾದಲ್ಲಿ, ಟೆನೆಸಿ ಟೈಟನ್ಸ್ ಎದುರು. ರ್‍ಯಾಮ್ಸ್ 16-0 ಮುಂದಿದ್ದವರು, ಟೈಟನ್ಸ್ ಬೆನ್ನು ಹತ್ತಿ 16-16 ಮಾಡಿದರು. ಎರಡು ನಿಮಿಷ ಚಿಲ್ಲರೆ ಬಾಕಿ. ಮೊದಲ ಅವಕಾಶದಲ್ಲೇ ವಾರ್ನರ್ ದೂರ ಎಸೆಯಲು ನಿಂತ. ಎಸೆಯುವ ಗಳಿಗೆಗೇ ಎದುರಿನ ಜೆವಾನ್ ಕರ್ಸ್ ಬಂದು ಕೈಗೆ ಬಡಿದ. ಚೆಂಡು ಅಂದುಕೊಂಡಷ್ಟು ದೂರ ಹೋಗಲಿಲ್ಲ. ಬ್ರೂಸ್ ಅದನ್ನು ಗಮನಿಸಿ ಓಟ ತಡೆದು ಹಿಂದಕ್ಕೆ ಬಂದು ಹಿಡಿದ. ಅವನ ಜೊತೆ ಓಡುತ್ತಿದ್ದವನಿಗೆ ತಿರುಗಲಾಗಲಿಲ್ಲ. 73 ಗಜದ ಟಚ್‌ಡೌನ್. ನೇರ ಹೋಗಿದ್ದರೆ ಸಿಗುತ್ತಿತ್ತೋ ಇಲ್ಲವೋ, ಯಾರಿಗೆ ಗೊತ್ತು.

ಅಲ್ಲಿಗೂ ಮುಗಿಯಲಿಲ್ಲ. ಟೈಟನ್ಸ್ ತೆವಳುತ್ತ ತೆವಳುತ್ತ ಹತ್ತು ಗಜದ ಗೆರೆಗೆ ಬಂದರು. ಉಳಿದದ್ದು ಆರು ಸೆಕೆಂಡು, ಒಂದೇ ಅವಕಾಶ. ಕೆವಿನ್ ಡೈಸನ್ ಚೆಂಡು ಹಿಡಿದು ನುಗ್ಗಿದ. ಮೈಕ್ ಜೋನ್ಸ್ ಅವನ ಕಾಲು ತಬ್ಬಿಕೊಂಡ. ಡೈಸನ್ ಬೀಳುತ್ತ ಕೈ ಚಾಚಿದ. ಗೆರೆ ಇನ್ನೂ ಒಂದು ಗಜ ದೂರ. 23-16. ವಾರ್ನರ್ ಎಸೆದ 414 ಗಜ ಅಲ್ಲಿಯವರೆಗಿನ ಸೂಪರ್ ಬೌಲ್ ದಾಖಲೆ. ಆದರೆ ಆ ಕೊನೇ ಗಳಿಗೆಯಲ್ಲಿ ಅವನು ಅಂಚಿನಲ್ಲಿ ನಿಂತು ನೋಡುತ್ತಿದ್ದ, ನಾವು ನೋಡಿದ ಹಾಗೇ.

ವಾಟ್ಸಾಪಿನ ಕತೆ ಇಲ್ಲಿಗೆ ಮುಗಿಯುತ್ತದೆ, ಅವನ ಬದುಕು ಮುಗಿಯಲಿಲ್ಲ. 2001ರಲ್ಲಿ ಮತ್ತೆ ಅತ್ಯುತ್ತಮ ಆಟಗಾರ, ಮತ್ತೆ ಫೈನಲ್. ಆ ಸಲ ಟಾಮ್ ಬ್ರೇಡಿ ಎಂಬ ಹೊಸ ಹುಡುಗನ ತಂಡದೆದುರು 20-17ರಲ್ಲಿ ಸೋಲು. ಆಮೇಲೆ ಕೈಗೆ ಪೆಟ್ಟು, ಚೆಂಡು ಜಾರುವುದು, 2004ರಲ್ಲಿ ರ್‍ಯಾಮ್ಸ್ ಬಿಟ್ಟುಬಿಟ್ಟರು. ನ್ಯೂಯಾರ್ಕ್ ಜೈಂಟ್ಸ್ ಕರೆದರು, ಒಂಬತ್ತು ಪಂದ್ಯ ಆಡಿಸಿ ಇಲೈ ಮ್ಯಾನಿಂಗ್ ಎಂಬ ಹೊಸಬನಿಗೆ ಜಾಗ ಕೊಟ್ಟರು. 2005ರಲ್ಲಿ ಅರಿಝೋನಾ ಕಾರ್ಡಿನಲ್ಸ್. ಅಲ್ಲೂ ಮರುವರ್ಷ ಇನ್ನೊಬ್ಬ ಎಳೆಯನನ್ನು ತಂದು ಪಕ್ಕಕ್ಕೆ ಕೂರಿಸಿದರು. ಪ್ರತಿ ಸಲವೂ ಎಕ್ಸ್‌ಪೈರಿ ಆಯಿತು ಅಂತಲೇ ತೀರ್ಮಾನ. 2008ರಲ್ಲಿ ಜಾಗ ಮತ್ತೆ ಗಿಟ್ಟಿಸಿಕೊಂಡು, 1947ರಿಂದ ಕಿರೀಟವನ್ನೇ ಕಾಣದ ಆ ತಂಡವನ್ನು ಸೂಪರ್ ಬೌಲಿಗೆ ಒಯ್ದ. ಪಿಟ್ಸ್‌ಬರ್ಗಿನವರು 35 ಸೆಕೆಂಡು ಉಳಿದಿರುವಾಗ ಮೂಲೆಯಲ್ಲಿ ಕಾಲ್ತುದಿಯ ಮೇಲೆ ನಿಂತು ಚೆಂಡು ಹಿಡಿದು ಗೆದ್ದರು, 27-23. ಅದನ್ನು ಎರಡನೇ ಸಲ ನೋಡಲು ನನಗಾಗಲಿಲ್ಲ.

ನನಗೆ ಎಲ್ಲಕ್ಕಿಂತ ಹಿಡಿಸಿದ ಪಂದ್ಯ ಅದಲ್ಲ, ಸೂಪರ್ ಬೌಲೂ ಅಲ್ಲ. 2010ರ ಜನವರಿ 10ರದ್ದು. ಅವನಿಗೆ ಮೂವತ್ತೆಂಟು ವರ್ಷ. ಎದುರಾಳಿ ಯಾರು ಅಂದರೆ 1994ರಲ್ಲಿ ಮನೆಗೆ ಕಳಿಸಿದ್ದ ಅದೇ ಗ್ರೀನ್ ಬೇ. 33 ಸಲ ಎಸೆದ, 29 ಸಲ ತನ್ನವರ ಕೈಗೇ ಹೋಯಿತು. ಅದರಲ್ಲಿ ಐದು ಟಚ್‌ಡೌನ್. ಗುರಿ ತಪ್ಪಿದ್ದು ನಾಲ್ಕು, ಟಚ್‌ಡೌನ್ ಐದು! ಹೆಚ್ಚಿನ ಅವಧಿಗೆ ಹೋಗಿ 51-45ಕ್ಕೆ ಗೆದ್ದರು.

ಆರು ದಿನ ಬಿಟ್ಟು ನ್ಯೂ ಓರ್ಲಿಯನ್ಸಿನಲ್ಲಿ ಇನ್ನೊಂದು ಪಂದ್ಯ. ಇವನ ಪಾಸು ಎದುರಾಳಿಯ ಕೈಗೆ ಸಿಕ್ಕಿತು. ಅವನನ್ನು ತಡೆಯಲು ಇವನು ಓಡುವಾಗ ಬಾಬಿ ಮೆಕ್‌ರೇ ಎಂಬವನು ಎದೆಗೆ ಗುದ್ದಿದ್ದನ್ನು ನೋಡಿ ಅಂಗಡಿಯಲ್ಲಿ ಕೂತ ನಾನು “ಅಯ್ಯೋ” ಅಂದೆ, ಬೀಡಿ ಕೊಳ್ಳಲು ಬಂದವರು ಏನಾಯಿತು ಅಂತ ಕೇಳಿದರು. ಸ್ವಲ್ಪ ಹೊತ್ತಿಗೆ ವಾಪಸು ಬಂದು ಆಡಿದ, ಆದರೆ 45-14ರ ಸೋಲು. ಜನವರಿ 29ಕ್ಕೆ ನಿವೃತ್ತಿ ಘೋಷಿಸಿದ. ಅದಕ್ಕೂ ಎರಡು ತಿಂಗಳ ಹಿಂದೆ ತಲೆಗೆ ಪೆಟ್ಟಾಗಿ ಒಂದು ಪಂದ್ಯ ತಪ್ಪಿತ್ತು. ಈ ಆಟದವರ ತಲೆಯ ಪೆಟ್ಟಿನ ಸುದ್ದಿ ಓದಿದರೆ, ಸರಿಯಾದ ಹೊತ್ತಿಗೆ ಎದ್ದುಬಂದ ಅಂತಲೇ ನನ್ನ ಲೆಕ್ಕ. ಆದರೂ ಮಗ ಇ.ಜೆ. ಕಾಲೇಜಿನಲ್ಲಿ ಅದೇ ಕ್ವಾರ್ಟರ್‌ಬ್ಯಾಕ್ ಜಾಗಕ್ಕೆ ನಿಂತ. ಮಕ್ಕಳಿಗೆ ಹೇಳಿ ಕೇಳಿಸುವುದುಂಟೇ?

2017ರಲ್ಲಿ ಓಹಾಯೋದ ಕ್ಯಾಂಟನ್ನಿನಲ್ಲಿರುವ ಹಾಲ್ ಆಫ್ ಫೇಮಿಗೆ ಸೇರಿಸಿಕೊಂಡರು. ಅರೀನಾ ಆಟದವರು ಅದಕ್ಕೂ ಮೊದಲೇ, 2011ರಲ್ಲಿ, ತಮ್ಮ ಗೌರವಪಟ್ಟಿಗೆ ಸೇರಿಸಿಕೊಂಡಿದ್ದರು. ಎರಡರಲ್ಲೂ ಇರುವವನು ಅವನು. ಗಂಡ ಹೆಂಡತಿ ಸೇರಿ ಅರಿಝೋನಾದ ಗ್ಲೆಂಡೇಲಿನಲ್ಲಿ, ಝ್ಯಾಕರಿಯಂತೆ ಬೌದ್ಧಿಕ ಬೆಳವಣಿಗೆಯ ತೊಡಕಿರುವ ದೊಡ್ಡವರು ಒಟ್ಟಿಗೆ ಬದುಕಲು ಟ್ರೆಷರ್ ಹೌಸ್ ಅಂತ ಮನೆ ಕಟ್ಟಿಸಿದ್ದಾರೆ. ಇಂಥ ಮಕ್ಕಳ ತಾಯಂದಿರು ನಮ್ಮಲ್ಲಿ ರಾತ್ರಿ ನಿದ್ದೆಗೆಡುವುದು ಒಂದೇ ಚಿಂತೆಗೆ: ನನ್ನ ನಂತರ ಇವನನ್ನು ಯಾರು ನೋಡುತ್ತಾರೆ? ಬ್ರೆಂಡಾ ಅದಕ್ಕೊಂದು ಉತ್ತರ ಕಟ್ಟಿಸಿದಳು.

ಇಷ್ಟನ್ನೂ ಅಂಗಡಿಯ ಹುಡುಗನಿಗೆ ಮಾಲು ಇಳಿಸುವಾಗ ಕಂತುಕಂತಾಗಿ ಹೇಳಿದ್ದೆ. ಅವನು ಹೊನಲು ಬೆಳಕಿನ ಕಬಡ್ಡಿಗೆ ಹೋಗುವವ, ಬಲ ಮೊಣಕಾಲಿಗೆ ಪಟ್ಟಿ ಸುತ್ತಿಕೊಂಡೇ ಓಡಾಡುವವ. ಎಲ್ಲ ಕೇಳಿ ಅವನು ಕೇಳಿದ್ದು ಸೂಪರ್ ಬೌಲ್ ಬಗ್ಗೆ ಅಲ್ಲ. “ಅಕ್ಕಾ, ಆ ಗ್ರೀನ್‌ದು ಮೊಣಕಾಲು ಆಮೇಲೆ ಸರಿಯಾಯ್ತಾ?”

ಆಯಿತು. ವರ್ಮಿಲ್ 2001ರಲ್ಲಿ ಕಾನ್ಸಾಸ್ ಸಿಟಿಗೆ ಕೋಚ್ ಆಗಿ ಹೋದಾಗ ಗ್ರೀನನನ್ನೇ ಅಲ್ಲಿಗೆ ಕರೆಸಿಕೊಂಡ. ಅಲ್ಲಿಂದ ಐದು ಋತು, 80 ಪಂದ್ಯ, ಒಂದೂ ತಪ್ಪಿಸದೆ ಗ್ರೀನನೇ ಮುಖ್ಯ ಕ್ವಾರ್ಟರ್‌ಬ್ಯಾಕ್. ಹುಡುಗ ಅದನ್ನು ಕೇಳಿ, ಹಾಗಾದರೆ ಅವನ ಪಂದ್ಯ ತೋರಿಸಿ ಅಂತ ಕೂತಿದ್ದಾನೆ. ರವಿವಾರ ಮಾಣಿ ಫೋನ್ ಮಾಡಿದಾಗ ಒಳ್ಳೇದೊಂದು ಲಿಂಕ್ ಕಳಿಸಲು ಹೇಳಬೇಕು.